ಹನ್ನೆರಡು ಸಮ ಹನ್ನೆರಡು

ಈಗಲೂ ಮಧ್ಯಾಹ್ನ ಕಣ್ಣು ಮುಚ್ಚಿದರೆ ಧಾರವಾಡದ ನಮ್ಮ ಹಳೆಯ ಮನೆಯ ಪಡಸಾಲೆ ಬರುತ್ತದೆ. ಬೆಳಕಿಂಡಿಯಿಂದ ಬಿಸಿಲಿನ ಒಂದು ಕಂಬ ಇಳಿದು ನೆಲ ಮುಟ್ಟಿರುತ್ತದೆ. ಅದರೊಳಗೆ ಜೋಳದ ಹಿಟ್ಟಿನ ಧೂಳು ಅವಸರವಿಲ್ಲದೆ ತೇಲುತ್ತದೆ. ಆ ಬೆಳಕಿನ ಅಂಚಿನಲ್ಲಿ ನನ್ನ ಗೆಳೆಯ ಮಂಡಿಯೂರಿ ಕುಳಿತು ಕಲ್ಲಿನ ನೆಲದ ಮೇಲೆ ಬಳಪದಿಂದ ಬರೆಯುತ್ತಿರುತ್ತಾನೆ.

ಅವನು ಅಮ್ಮಿನಬಾವಿಯ ಹುಡುಗ. ಹೈಸ್ಕೂಲಿಗೆಂದು ಧಾರವಾಡಕ್ಕೆ ಬಂದು ವಾರಾನ್ನದ ಮೇಲೆ ಓದುತ್ತಿದ್ದ. ಏಳು ದಿನ ಏಳು ಮನೆಗಳಲ್ಲಿ ಊಟ. ಸೋಮವಾರ ನಮ್ಮ ಮನೆಯಲ್ಲಿ. ಶಾಲೆಯಲ್ಲಿ ಅವನಿಗೆ ಫೀ ಮಾಫಿ ಇತ್ತು. ನಡತೆಗೆ ಕಪ್ಪು ಚುಕ್ಕೆ ಬಿದ್ದರೆ ಅದು ಹೋಗುತ್ತಿತ್ತು, ಅದರೊಂದಿಗೆ ಅವನ ಓದೂ.

ನನಗೆ ಬೀಜಗಣಿತ ತಲೆಗೆ ಹತ್ತುತ್ತಿರಲಿಲ್ಲ. ಒಂದು ಸೋಮವಾರ ಉಂಡು ಕೈ ತೊಳೆದು ಅವನು ಹೇಳಿದ:

"ನಾವಿಬ್ರೂ ಕೂಡಿ ಒಂಬತ್ತು ರೊಟ್ಟಿ ತಿಂದ್ವಿ. ನಾ ನಿನಗಿಂತ ಒಂದು ಹೆಚ್ಚಿಗಿ ತಿಂದೆ. ನನ್ನವು ಕ್ಷ, ನಿನ್ನವು ಯ. ಎಷ್ಟೆಷ್ಟು?"

"ನೀ ಒಂದ ಹೆಚ್ಚಿಗಿ ತಿಂದಿ ಅನ್ನೂದ ಸುಳ್ಳು," ಎಂದೆ. ಒಳಗಿನಿಂದ ಅವ್ವ ನಕ್ಕಳು.

"ಎರಡೂ ಗೊತ್ತಿಲ್ಲಂತ ಹೆದರಬ್ಯಾಡೋ. ಕ್ಷ ಅಂದ್ರ ಯ ಮತ್ತ ಒಂದು. ಒಂಬತ್ತರ ಸಾಲಿನ್ಯಾಗ ಕ್ಷ ತಗಿ, ಅಲ್ಲೆ ಇದನ್ನ ಇಡು. ಈಗ ಯ ಒಂದ ಉಳೀತು."

ಯ ನಾಲ್ಕಾಯಿತು, ಕ್ಷ ಐದಾಯಿತು. ಎರಡು ಗೊತ್ತಿಲ್ಲದವುಗಳಲ್ಲಿ ಒಂದು ಕಣ್ಣೆದುರೇ ಕರಗಿಹೋದದ್ದು ನನಗೆ ಕನಸಿನಂತೆ ಕಂಡಿತು. ಅವನು ಇನ್ನೊಂದು ಎಚ್ಚರಿಕೆಯನ್ನೂ ಕೊಟ್ಟ. ಯಾವ ಸಾಲಿನಿಂದ ಕ್ಷದ ಬೆಲೆ ತೆಗೆದೆವೋ ಅದೇ ಸಾಲಿನಲ್ಲಿ ಮತ್ತೆ ಇಡಬಾರದು. ಇಟ್ಟರೆ ಅಕ್ಷರಗಳೆಲ್ಲ ಹೊಡೆದುಹೋಗಿ ಒಂದು ಸಮ ಒಂದು ಎಂದು ಉಳಿಯುತ್ತದೆ. "ಖರೇ ಮಾತ, ಆದ್ರ ಏನೂ ಹೇಳೂದಿಲ್ಲ," ಎಂದ.

ಪಡಸಾಲೆಯಲ್ಲಿ ತಿಳಿದದ್ದು ಪರೀಕ್ಷೆಯಲ್ಲಿ ಉಳಿಯಲಿಲ್ಲ. ಅವನು ನನ್ನ ಮುಂದಿನ ಬೆಂಚಿನಲ್ಲಿದ್ದ. ಅವನ ಹೆಗಲ ಮೇಲಿಂದ ನೋಡಿ ಸಾಲು ಸಾಲಾಗಿ ಇಳಿಸಿದೆ. ಅವನು ತಪ್ಪಿ ಬರೆದು ಹೊಡೆದುಹಾಕಿದ್ದ ಒಂದು ಏಳನ್ನು ನಾನೂ ಬರೆದು ಹೊಡೆದುಹಾಕಿದೆ.

ಎರಡು ದಿನದ ಮೇಲೆ ಮಾಸ್ತರರು ಎರಡೂ ಉತ್ತರಪತ್ರಿಕೆಗಳನ್ನು ಎತ್ತಿ ಹಿಡಿದರು. "ಲೆಕ್ಕ ಒಂದ ಅಂದ್ರ ಒಪ್ಪೇನಿ. ಹೊಡದಹಾಕಿದ್ದೂ ಒಂದ ಏನ್ರೋ? ಇಬ್ಬರಾಗ ಯಾರಿಗೆ ಬರತೈತಿ ಬೋರ್ಡ ಹೇಳತೈತಿ. ಬಾ ಇಲ್ಲೆ." ಮೊದಲು ಅವನನ್ನು ಕರೆದರು.

ಬೋರ್ಡಿನ ಮೇಲೆ ಎರಡು ಸಾಲು: ೨ಕ್ಷ + ಯ = ೧೨, ಕ್ಷ − ಯ = ೩. ಅವನು ಮೊದಲ ಸಾಲಿನಿಂದ ಯ ತೆಗೆದ: ೧೨ − ೨ಕ್ಷ. ಒಂದು ಕ್ಷಣ ಸುಣ್ಣದ ಕಡ್ಡಿ ಗಾಳಿಯಲ್ಲಿ ನಿಂತಿತು. ಹೊರಗೆ ಟಾಂಗಾ ಒಂದು ಗೆಜ್ಜೆ ಸದ್ದು ಮಾಡುತ್ತ ದೂರವಾಯಿತು. ಆಮೇಲೆ ಅವನು ಅದನ್ನು ಮತ್ತೆ ಅದೇ ಮೊದಲ ಸಾಲಿನಲ್ಲಿ ಇಟ್ಟ. ೧೨ = ೧೨ ಎಂದು ದುಂಡಗೆ ಬರೆದು ತಲೆ ತಗ್ಗಿಸಿ ನಿಂತ.

ತರಗತಿ ನಕ್ಕಿತು. "ಸಾಕು, ಯಾರು ನೋಡಿ ಬರದಾರ ಕಂಡಿತು," ಎಂದರು ಮಾಸ್ತರರು. ನನ್ನನ್ನು ಕರೆಯಲೇ ಇಲ್ಲ. ಅವನು ಬೇಕೆಂದೇ ತಪ್ಪಿದ ಎಂದು ಆ ಕೋಣೆಯಲ್ಲಿ ತಿಳಿದವನು ನಾನೊಬ್ಬನೇ. ಎದ್ದು ನಿಂತು ಹೇಳಿದ್ದರೆ ನನಗೆ ನಾಲ್ಕು ಛಡಿ ಏಟು ಬೀಳುತ್ತಿದ್ದವು, ಅಷ್ಟೇ. ನಾನು ಕುಳಿತೇ ಇದ್ದೆ.

ಹೊರಗೆ ಬೇವಿನ ಮರದ ಕೆಳಗೆ ಕೇಳಿದೆ, "ಯಾಕ ಹಂಗ ಮಾಡಿದಿ?"

"ನಿಮ್ಮವ್ವನ ಕೈಯಾಗ ಮೂರು ವರ್ಷ ಉಂಡೇನಿ. ನಾನ ನಿನ್ನ ಹಿಡದ ಕೊಡ್ಲೇನು?" ಚೀಲ ಹೆಗಲಿಗೆ ಹಾಕಿಕೊಂಡು, "ನೀನ ಎದ್ದು ಹೇಳ್ತಿ ಅಂತ ತಿಳ್ಕೊಂಡಿದ್ದೆ," ಎಂದ.

ಅವನ ಮಾಫಿ ರದ್ದಾಯಿತು. ಸೋಮವಾರ ಅವನು ಬರಲಿಲ್ಲ. ಅವ್ವ ಎರಡು ಸಲ ಬಾಗಿಲಿಗೆ ಹೋಗಿ ನೋಡಿದಳು.

"ನಿನ್ನ ಗೆಳ್ಯಾ ಯಾಕ ಬರಲಿಲ್ಲೋ?"

"ಜ್ವರ ಬಂದಾವಂತ."

"ಅಯ್ಯ, ಪರದೇಶಿ ಕೂಸು. ತಡಿ, ಗಂಜಿ ಕೊಡತೇನಿ, ಲಗೂ ಕೊಟ್ಟು ಬಾ."

ಬಿಸಿ ತಂಬಿಗೆಯನ್ನು ಪಂಜೆಯಲ್ಲಿ ಸುತ್ತಿಕೊಂಡು ಹೋದೆ. ಅವನ ಕೋಣೆ ಖಾಲಿಯಾಗಿತ್ತು. ಬೆಳಿಗ್ಗೆಯೇ ಊರಿಗೆ ಹೋದನೆಂದು ಕೋಣೆ ಕೊಟ್ಟಿದ್ದ ಮನೆಯವರು ಹೇಳಿದರು. ಗಂಜಿಯನ್ನು ಬೇಲಿಯ ಬುಡಕ್ಕೆ ಸುರಿದು ಶಾಲೆಗೆ ನಡೆದೆ. ಹೆಡ್‌ಮಾಸ್ತರರ ಕೋಣೆಯ ಮುಂದೆ ಎಷ್ಟು ಹೊತ್ತು ನಿಂತೆನೋ ತಿಳಿಯದು. ಬಾಗಿಲ ಪರದೆ ಗಾಳಿಗೆ ಉಬ್ಬಿ ಉಬ್ಬಿ ಇಳಿಯುತ್ತಿತ್ತು.

"ಏನ್ ಬೇಕೋ?" ಎಂದ ಬಾಗಿಲು ಕಾಯುವ ಶಾಲೆಯ ಸಿಪಾಯಿ.

"ನೀರು ಬೇಕಾಗಿತ್ತು," ಎಂದೆ. ಅವನು ಅದೇ ತಂಬಿಗೆಗೆ ನೀರು ಹಾಕಿ ಕೊಟ್ಟ. ಕುಡಿದು ಮನೆಗೆ ಬಂದೆ. "ಕುಡದನೇನು?" ಎಂದಳು ಅವ್ವ. "ಹೂಂ," ಎಂದೆ.

ನಾನು ಮ್ಯಾಟ್ರಿಕ್ ಪಾಸಾದೆ, ನೌಕರಿ ಹಿಡಿದೆ. ಅಮ್ಮಿನಬಾವಿ ನಡೆದು ಹೋದರೂ ಅರ್ಧ ದಿನದ ದಾರಿ. ಆ ದಾರಿ ಹಿಡಿಯಲಿಲ್ಲ. ಮಾಸ್ತರರೂ ಅವ್ವನೂ ಹೋಗಿ ಬಹಳ ಕಾಲವಾಯಿತು. ಅವನು ಇದ್ದಾನೋ ಇಲ್ಲವೋ ಕೇಳುವ ಧೈರ್ಯ ಈಗಲೂ ಇಲ್ಲ. ಅಂದು ಹೇಳಬೇಕಾಗಿದ್ದದ್ದು ಎರಡೇ ಮಾತು, ಅವನ್ನು ಇಲ್ಲಿ ಬರೆಯುತ್ತೇನೆ: ಸರ್, ನೋಡಿ ಬರದಾವ ನಾನ್ರಿ. ಅವಗ ಆ ಲೆಕ್ಕ ಬರತೈತ್ರಿ.