ಅವತ್ತು ಹಿಂದಿಯಲ್ಲಿ ಅತ್ತದ್ದು

ಕನ್ನಡ ಸಿನಿಮಾಗಳಿಗೆ ಹಿಂದಿ ಮಾತು ಬರೆಯೋದು ನನ್ನ ಕೆಲಸ. ಹೈದರಾಬಾದಿನ ತಾರ್ನಾಕದಲ್ಲಿ ಒಂದು ಮನೆಯ ಮಹಡಿ ಮೇಲೆ ನಮ್ಮ ಸ್ಟುಡಿಯೋ. ಅವತ್ತಿನ ದೃಶ್ಯದಲ್ಲಿ ಕಲಬುರಗಿ ಕಡೆಯ ಹೆಂಗಸೊಬ್ಬಳು ಗಂಡನ ಹೆಣದ ಮುಂದೆ ಅಳುತ್ತಿದ್ದಳು.

ಡಬ್ಬಿಂಗ್ ಡೈರೆಕ್ಟರು ಮೈಸೂರಿನವರು. "ಮಾತು ಬೇಡ ಮೇಡಂ, ಕಂಪ್ಯೂಟರಲ್ಲಿರೋ ರೆಡಿ ಅಳು ಹಾಕಿಬಿಡೋಣ," ಅಂದರು.

"ಆಕಿ ತುಟಿ ಆಡಾಕತ್ತಾವಲ್ರಿ! ನಮ್ಮ ಕಡೆ ಸತ್ತವರ ಗುಣ ಹಾಡ್ಕೊಂಡ ಅಳ್ತಾರ," ಅಂದೆ. ನಾನೂ ಕಲಬುರಗಿಯವಳೇ.

"ಹಿಂದಿಯವರಿಗೆ ಅದೆಲ್ಲ ಅರ್ಥ ಆಗಲ್ಲ."

ನಾನು ಬಿಡುವವಳಲ್ಲ. ಹೊರಗೆ ಬಂದು ಮೆಟ್ಟಿಲ ಮೇಲೆ ಕೂತು, ಬಾಯಿಗೆ ಸೆರಗು ಹಿಡಿದು, ಆ ಅಳುವನ್ನು ಹಿಂದಿಯಲ್ಲೇ ಕಟ್ಟಿ ನೋಡಲು ಶುರು ಮಾಡಿದೆ: ನನ್ನ ರೊಟ್ಟಿಗೆ ಹೆಸರಿಡೋರು ಇನ್ನ ಯಾರು, ಹಬ್ಬಕ್ಕ ಕೈತುಂಬ ಬಳಿ ಇಡಿಸೋರು ಇನ್ನ ಯಾರು!

ಪಕ್ಕದ ಮನೆಯ ಲಖನೌ ಕಡೆಯ ಅಜ್ಜಿ ಓಡಿಬಂದು ನನ್ನ ಕೈ ಹಿಡಿದರು. "ಗಂಡ ಯಾವಾಗ ಹೋದ, ಮಗಳೇ?" ಅಂತ ಹಿಂದಿಯಲ್ಲಿ ಕೇಳಿ, ತಾವೂ ಅಳತೊಡಗಿದರು. ಇದು ಸಿನಿಮಾದ ಅಳು ಅನ್ನೋಕೆ ನನಗೆ ಬಾಯಿ ಬರಲಿಲ್ಲ. ಬಾಗಿಲಲ್ಲಿ ನಿಂತಿದ್ದ ಡೈರೆಕ್ಟರು ಮೆಲ್ಲಗೆ, "ಬನ್ನಿ ಮೇಡಂ, ಮೈಕ್ ಮುಂದೆ ಇದನ್ನೇ ಅಳಿ," ಅಂದರು.

ಸಂಜೆ ನಮ್ಮ ಯಜಮಾನರು ಕರೆದೊಯ್ಯಲು ಬಂದರು. ನಾನು ನಗುತ್ತಾ ಅವರ ಸ್ಕೂಟರ್ ಹತ್ತಿದ್ದನ್ನು ನೋಡಿದ ಆ ಅಜ್ಜಿ, ಇವತ್ತಿಗೂ ನನ್ನ ಜೊತೆ ಮಾತು ಬಿಟ್ಟಿದ್ದಾರೆ.