ಬೆನ್ನ ಮೇಲಿನ ಹನ್ನೊಂದು ಗುಂಡಿ

ಸಿಮೊನಿಗರು ಅನ್ನುವ ಒಂದು ಪಂಥದ ಜನ ಇದ್ದಾರೆ ಎಂದು ಫ್ಲೂರಿಗೆ ಮೊದಲು ಗೊತ್ತಾದದ್ದು ಕೊಳೆ ಬಟ್ಟೆಯ ಒಂದು ಗಂಟಿನಿಂದ. ಸಾವಿರದ ಎಂಟುನೂರ ಮೂವತ್ತೆರಡು, ನವೆಂಬರಿನ ಸಂತ ಮಾರ್ಟಿನನ ಹಬ್ಬ ಕಳೆದು ಎರಡು ದಿನವಾಗಿತ್ತು. ಲಿಯೋನ್ ಪಟ್ಟಣದ ಕ್ರುವಾ-ರೂಸ್ ಗುಡ್ಡದಲ್ಲಿ, ಪೆರಶೋನಮ್ಮನ ಇಸ್ತ್ರಿ ಅಂಗಡಿಯಲ್ಲಿ ಅವಳು ಗಂಜಿ ಕಲಸುತ್ತಾ ನಿಂತಿದ್ದಳು. ಆಗವಳಿಗೆ ಹದಿನೇಳು. ಪೆರಶೋನಮ್ಮ ಗಂಟು ಬಿಚ್ಚಿ ಬಿಳಿಯ ವೇಸ್ಟ್‌ಕೋಟೊಂದನ್ನು ಎತ್ತಿ ಹಿಡಿದಳು. ಮುಂದೆ ನೋಡಿದರೆ ಗುಂಡಿಯೇ ಇಲ್ಲ. ಎದೆಯ ಮೇಲೆ ಕೆಂಪು ದಾರದಲ್ಲಿ ‘ಅಂತೆಲ್ಮ’ ಎಂದು ಹೆಸರು ಹೊಲಿದಿತ್ತು. ತಿರುಗಿಸಿದರೆ ಕುತ್ತಿಗೆಯಿಂದ ಸೊಂಟದವರೆಗೆ ಬೆನ್ನ ಮೇಲೆ ಸಾಲಾಗಿ ಹನ್ನೊಂದು ಗುಂಡಿ.

“ಅಯ್ಯೋ ದೇವ್ರೇ, ಈ ದರ್ಜಿ ಎಷ್ಟು ಕುಡಿದಿದ್ದ?”

ಗಂಟು ತಂದವನು ಗಾಶೆ. ರೇಷ್ಮೆ ನೇಯುವವನು, ಹೊಟ್ಟೆ ಮಗ್ಗಕ್ಕೆ ತಾಗುವಷ್ಟು ದಪ್ಪ, ನಾಲಿಗೆ ಲಾಳಿಯ ಹಾಗೆ.

“ಕುಡಿದಿದ್ದು ದರ್ಜಿಯಲ್ಲ ಅಕ್ಕಾ, ಹಾಕ್ಕೊಳ್ಳೋನು. ನಮ್ಮ ಕಟ್ಟಡದ ನಾಲ್ಕನೇ ಮಹಡಿಗೆ ಹೊಸದಾಗಿ ಬಂದಿದಾನೆ, ಮಗ್ಗ ರಿಪೇರಿಯವ್ನು. ಪ್ಯಾರಿಸ್ ಪಕ್ಕದ ಗುಡ್ಡದ ಮೇಲೆ ಸಿಮೊನಿಗರು ಅಂತ ನಲವತ್ತು ಜನ ಗಂಡಸ್ರು ಒಂದೇ ಮನೇಲಿದ್ರಂತೆ. ಆಳುಗಳಿಲ್ಲ. ಅವ್ರೇ ಬೇಯಿಸ್ಕೋಬೇಕು, ಅವ್ರೇ ತೊಳ್ಕೋಬೇಕು. ಎಲ್ರೂ ಅಣ್ಣತಮ್ಮಂದ್ರು. ಸರ್ಕಾರ ಅವರನ್ನ ಚದುರಿಸಿ ಓಡಿಸ್ತು. ಈ ಮಹಾನುಭಾವ ಅಲ್ಲಿಂದ ನಡ್ಕೊಂಡೇ ಬಂದ.”

“ಅದ್ಸರಿ, ಗುಂಡಿ ಯಾಕೆ ಹಿಂದೆ?”

“ಒಬ್ರಿಲ್ದೆ ಇನ್ನೊಬ್ರಿಗೆ ನಡಿಯಲ್ಲ ಅನ್ನೋದು ದಿನಾ ಬೆಳಿಗ್ಗೆ ನೆನಪಾಗ್ಲಿ ಅಂತ. ಅಣ್ಣನ ಬೆನ್ನಿಗೆ ತಮ್ಮ, ತಮ್ಮನ ಬೆನ್ನಿಗೆ ಅಣ್ಣ. ಇಲ್ಲಿ ಪಾಪ ಇವನೊಬ್ನೇ! ಮೆಟ್ಟಿಲ ಮೇಲೆ ಬೆನ್ನು ತೋರಿಸ್ಕೊಂಡು ನಿಂತಿರ್ತಾನೆ, ಉಣ್ಣೆ ಕತ್ತರಿಸ್ಕೊಳ್ಳೋಕೆ ಬಂದ ಕುರಿ ಥರ. ನಿನ್ನೆ ನಾನೇ ಹಾಕ್ದೆ. ಬೇಕಂತ ಒಂದು ತೂತು ಬಿಟ್ಟು ಹಾಕ್ದೆ. ಇಡೀ ದಿನ ಒಂದು ಭುಜ ಆಕಾಶಕ್ಕೆ, ಒಂದು ಭುಜ ನೆಲಕ್ಕೆ ಮಾಡ್ಕೊಂಡು ಓಡಾಡ್ದ!” ಗಾಶೆ ತನ್ನ ಮಾತಿಗೆ ತಾನೇ ನಕ್ಕು ಕೆಮ್ಮಿದ. “ಲೋಕದಲ್ಲಿ ಎಲ್ರೂ ಅಣ್ಣತಮ್ಮಂದ್ರಾಗೋವರೆಗೂ ಬೇರೆ ವೇಸ್ಟ್‌ಕೋಟು ಮುಟ್ಟಲ್ಲ ಅಂತ ಆಣೆ ಇಟ್ಟಿದಾನಂತೆ.”

“ಹಾಗಾದ್ರೆ ಇದರಲ್ಲೇ ಸಾಯ್ತಾನೆ ಬಿಡು,” ಎಂದಳು ಪೆರಶೋನಮ್ಮ. “ಫ್ಲೂರಿ, ಇದಕ್ಕೆ ಗಂಜಿ ಜಾಸ್ತಿ ಹಾಕು. ಬಹಳ ವರ್ಷ ಬಾಳಿಕೆ ಬರ್ಬೇಕು.”

ಮಾರನೆಯ ಬೆಳಿಗ್ಗೆ ಇಸ್ತ್ರಿಯಾದ ಬಟ್ಟೆ ಹಿಡಿದುಕೊಂಡು ಫ್ಲೂರಿ ನಾಲ್ಕು ಮಹಡಿ ಹತ್ತಿದಳು. ಬಾಗಿಲು ತೆರೆದವನು ಉದ್ದನೆಯ, ತೆಳ್ಳನೆಯ ಇಪ್ಪತ್ನಾಲ್ಕರ ಮನುಷ್ಯ. ಗಡ್ಡ ಬಿಟ್ಟಿದ್ದ. ಬಟ್ಟೆ ಇಸಿದುಕೊಂಡು, ತೋಳು ತೂರಿಸಿ, ತಿರುಗಿ ನಿಂತ. ಅವಳು ಗಂಜಿ ಹತ್ತಿ ಒರಟಾಗಿದ್ದ ಬೆರಳುಗಳಿಂದ ಮೇಲಿನ ಗುಂಡಿ ಹಿಡಿದಳು.

“ನಿನ್ನಿಂದ ಉಪಕಾರವಾಯ್ತು, ತಂಗಿ,” ಎಂದ ಗೋಡೆಗೆ ಮುಖ ಮಾಡಿಕೊಂಡೇ. “ಮೊನ್ನೆ ಹಾಕಿದ ಅಣ್ಣನಿಗೆ ಕಣ್ಣು ಸ್ವಲ್ಪ ಮಂದ ಅನ್ಸುತ್ತೆ.”

ಗಾಶೆಯ ಕಣ್ಣಿಗೆ ಏನೂ ಆಗಿರಲಿಲ್ಲ ಎಂದು ಫ್ಲೂರಿಗೆ ಗೊತ್ತಿತ್ತು. ಆದರೂ ಬಾಯಿ ಬಿಡಲಿಲ್ಲ. ಗಾಶೆಯ ಮೇಲೆ ಇಷ್ಟು ಒಳ್ಳೆಯ ಅಭಿಪ್ರಾಯ ಇಟ್ಟುಕೊಂಡವರು ಗುಡ್ಡದಲ್ಲಿ ಬೇರೆ ಯಾರೂ ಇರಲಿಲ್ಲ.

ಅಂದಿನಿಂದ ಅಂಗಡಿಗೆ ಹೋಗುವ ಮುಂಚೆ ದಿನವೂ ಹತ್ತತೊಡಗಿದಳು. ಅಂತೆಲ್ಮ ಮಾತಾಡುತ್ತಿದ್ದದ್ದು ಹನ್ನೊಂದು ಗುಂಡಿಯಷ್ಟು ಹೊತ್ತು. ಮೊದಲ ಮೂರು ಗುಂಡಿಗೆ, ಕೂತು ತಿನ್ನುವವರು ಇನ್ನಿರುವುದಿಲ್ಲ, ದುಡಿದವರೇ ದೊಡ್ಡವರು ಎನ್ನುವುದು ಮುಗಿಯುತ್ತಿತ್ತು. ನಡುವಿನ ನಾಲ್ಕಕ್ಕೆ, ಸಮುದ್ರದಿಂದ ಸಮುದ್ರಕ್ಕೆ ಕಾಲುವೆ ತೋಡುವುದು, ಕಬ್ಬಿಣದ ದಾರಿ ಹಾಕುವುದು. ಸೊಂಟದ ಹತ್ತಿರ ಬರುವಾಗ ಹೆಂಗಸರ ಸರದಿ.

“ಹೆಣ್ಣು ಗಂಡು ಸರಿಸಮ, ತಂಗಿ. ನಿನ್ನ ಒಪ್ಪಿಗೆ ಇಲ್ದೆ ಯಾವ ಗಂಡಸೂ ನಿನಗೆ ಒಂದು ಮಾತು ಅಪ್ಪಣೆ ಮಾಡೋ ಹಾಗಿಲ್ಲ.”

“ಅದನ್ನ ಪೆರಶೋನಮ್ಮಂಗೆ ಹೇಳಿ. ಅಪ್ಪಣೆ ಮಾಡೋದೆಲ್ಲಾ ಅವ್ರೇ.”

ಅವನ ಮಾತು ಅರ್ಧ ಅವಳಿಗೆ ಅರ್ಥವಾಗುತ್ತಿರಲಿಲ್ಲ. ಬೆನ್ನು ಮಾತ್ರ ಚೆನ್ನಾಗಿ ಅರ್ಥವಾಗುತ್ತಿತ್ತು. ಖುಷಿಯಾದಾಗ ನೆಟ್ಟಗೆ, ಯಾರಾದರೂ ಗೇಲಿ ಮಾಡಿದ ದಿನ ಸ್ವಲ್ಪ ಬಾಗಿ. ಕ್ರಿಸ್‌ಮಸ್ ಬರುವ ಹೊತ್ತಿಗೆ ಅವಳ ಬೆರಳು ನಿಧಾನವಾಗಿದ್ದವು. ಕೆಳಗಿನ ಕೊನೆಯ ಗುಂಡಿಯೊಂದಕ್ಕೆ ಒಂದು ಸೂಪು ಕುದಿಯುವಷ್ಟು ಹೊತ್ತು ಹಿಡಿಯುತ್ತಿತ್ತು. ಅವನೂ ಯಾಕೆ ತಡ ಎಂದು ಕೇಳಿದವನಲ್ಲ. ‘ತಂಗಿ’ ಅನ್ನುವುದೊಂದನ್ನು ಮಾತ್ರ ಬಿಡಲೊಲ್ಲ.

“ನಿನ್ನಣ್ಣ ಹೇಗಿದಾನೆ?” ಎಂದು ಗಾಶೆ ಮೆಟ್ಟಿಲಲ್ಲಿ ಅಡ್ಡ ನಿಂತು ಕೇಳುತ್ತಿದ್ದ. “ಅಣ್ಣನಿಗೆ ಗುಂಡಿ ಹಾಕೋಕೆ ಹೋಗೋ ತಂಗಿ ಕೆನ್ನೆಗೆ ಇಷ್ಟು ಬಣ್ಣ ಎಲ್ಲಿಂದ ಬಂತಮ್ಮಾ?”

“ನಾಲ್ಕು ಮಹಡಿ ಹತ್ತಿದ್ದಕ್ಕೆ. ನೀವೂ ಹತ್ತಿ ನೋಡಿ, ಹೊಟ್ಟೆಯಾದ್ರೂ ಇಳಿಯುತ್ತೆ.”

ಮಾರ್ಚಿನ ಮೊದಲ ವಾರ ಅಂತೆಲ್ಮನಿಗೆ ಕಾಗದ ಬಂತು. ಅವನ ಹಳೆಯ ಸೋದರರಲ್ಲಿ ಕೆಲವರು ಮಾರ್ಸೇಲ್ ಬಂದರಿನಿಂದ ಪೂರ್ವದೇಶಕ್ಕೆ ಹಡಗು ಹತ್ತುತ್ತಿದ್ದರು. ಲೋಕವನ್ನು ಉದ್ಧಾರ ಮಾಡುವ ಒಬ್ಬ ಮಹಾತಾಯಿ ಎಲ್ಲೋ ಹುಟ್ಟಿ ಕಾಯುತ್ತಿದ್ದಾಳೆ, ಅವಳನ್ನು ಹುಡುಕಬೇಕು ಎಂದು. ಅಂತೆಲ್ಮ ಹದಿನೈದು ದಿನದಲ್ಲಿ ಬಂದರು ಸೇರಬೇಕಿತ್ತು. ಅವನು ಇದನ್ನು ಹೇಳಿದಾಗ ಫ್ಲೂರಿ ಆರನೇ ಗುಂಡಿಯಲ್ಲಿದ್ದಳು.

“ಎಷ್ಟು ದೂರ?”

“ಕಾನ್‌ಸ್ಟಾಂಟಿನೋಪಲ್. ಅಲ್ಲಿ ಸಿಗದಿದ್ರೆ ಇನ್ನೂ ಮುಂದೆ.”

“ಇಷ್ಟು ದೂರ ಹೋಗಿ ಹುಡುಕೋ ಅಂಥ ಹೆಂಗಸು ಈ ಕಡೆ ಒಬ್ಬಳೂ ಇಲ್ವಾ?”

“ಕಾಗದದಲ್ಲಿ ಪೂರ್ವ ಅಂತಿದೆ, ತಂಗಿ,” ಎಂದ, ಪಾಪ.

ಉಳಿದ ಐದು ಗುಂಡಿಯನ್ನು ಅವಳು ಸರಸರ ಹಾಕಿ ಇಳಿದು ಹೋದಳು. ಅಂಗಡಿಯಲ್ಲಿ ಎರಡು ಕಾಲರು ಸುಟ್ಟು ಪೆರಶೋನಮ್ಮನಿಂದ ಬೈಸಿಕೊಂಡಳು. ಕಾದ ಇಸ್ತ್ರಿಪೆಟ್ಟಿಗೆ ಮುಂದಿಟ್ಟುಕೊಂಡು ಯೋಚಿಸಿದಳು. ಅವನು ಹೋಗುವುದು ಖಂಡಿತ. ಹೋಗಲಿ. ಆದರೆ ಮಾರ್ಸೇಲಿನವರೆಗೆ ನಡೆದು ಹೋಗುವ ದಾರಿಯಲ್ಲಿ, ಯಾವುದೋ ಊರಲ್ಲಿ, ಬೆಳಗಿನ ಚಳಿಯಲ್ಲಿ ಬೆನ್ನು ತೋರಿಸಿಕೊಂಡು ನಿಂತರೆ ಯಾರು ಹಾಕುತ್ತಾರೆ? ದಾರಿಯುದ್ದಕ್ಕೂ ಗಾಶೆಯಂಥವರೇ ಸಿಕ್ಕರೆ? ಅವಳಿಗೆ ಅಳು ಬಂತು. ಆಮೇಲೆ ಒಂದು ಉಪಾಯ ಹೊಳೆಯಿತು. ಆ ವಾರ ವೇಸ್ಟ್‌ಕೋಟು ಒಗೆತಕ್ಕೆ ಬಂದಾಗ ಹನ್ನೊಂದು ಗುಂಡಿಗಳನ್ನೂ ಕಿತ್ತು, ಬೆನ್ನನ್ನು ಒಂದೇ ಹೊಲಿಗೆಯಲ್ಲಿ ಮುಚ್ಚಿ, ಎದೆಯನ್ನು ಸೀಳಿ ಗುಂಡಿಗಳನ್ನು ಮುಂದೆ ಹೊಲಿದಳು. ಕೆಂಪಕ್ಷರದ ಹೆಸರು ನಡುವೆ ಎರಡು ತುಂಡಾಯಿತು. ಅಷ್ಟು ನುಣುಪಾದ ಹೊಲಿಗೆಯನ್ನು ಅವಳು ಜನ್ಮದಲ್ಲಿ ಹಾಕಿರಲಿಲ್ಲ.

ಅಂತೆಲ್ಮ ಅದನ್ನು ಬಿಡಿಸಿ ನೋಡಿದವನು ಮೆಟ್ಟಿಲ ಮೇಲೆ ಕುಸಿದು ಕೂತ.

“ಇದೇನು ಮಾಡ್ಬಿಟ್ಟೆ, ತಂಗಿ?”

“ದಾರೀಲಿ ನಿಮಗೆ ತೊಂದ್ರೆ ಆಗ್ಬಾರ್ದು ಅಂತ. ಈಗ ಯಾರನ್ನೂ ಕೇಳೋದು ಬೇಡ. ನೀವೇ ಹಾಕ್ಕೋಬಹುದು.”

“ನಾನೇ ಹಾಕ್ಕೋಬಹುದು,” ಎಂದ ಅವನು, ಯಾರೋ ಸತ್ತ ಸುದ್ದಿ ಕೇಳಿದವನ ಹಾಗೆ. “ನಿನಗೆ ಬೇಜಾರಾಗಿದ್ರೆ ಬಾಯಿಬಿಟ್ಟು ಹೇಳ್ಬಹುದಿತ್ತು. ದಿನಾ ನಾಲ್ಕು ಮಹಡಿ ಹತ್ತೋದು ಕಷ್ಟ ಅಂತ ನನಗೆ ಹೊಳೀಬೇಕಿತ್ತು.”

ಫ್ಲೂರಿಗೆ ಆಗ ತಾನು ಏನು ಮಾಡಿದ್ದೇನೆಂದು ತಿಳಿಯಿತು. ಅವನು ಊರು ಬಿಡುವ ಮುಂಚೆ ಇನ್ನೂ ನಾಲ್ಕು ಬೆಳಗು ಉಳಿದಿದ್ದವು. ಆ ನಾಲ್ಕನ್ನೂ ತನ್ನ ಕೈಯಿಂದ ತಾನೇ ಹೊಲಿದು ಮುಚ್ಚಿದ್ದಳು. ಜೊತೆಗೆ ಅವನ ಆಣೆಯನ್ನೂ ಮುರಿದಿದ್ದಳು. ಸಿಟ್ಟು, ನಾಚಿಕೆ ಎಲ್ಲಾ ಒಟ್ಟಿಗೆ ಬಂತು.

“ಕಷ್ಟ ಅಂತ ಯಾರು ಹೇಳಿದ್ರು? ನಾನು ಹೇಳಿದ್ನಾ? ಮಹಾತಾಯಿನ ಹುಡುಕೋಕೆ ಹೊರಟೋರು ನೀವು! ಇನ್ನೊಂದ್ಸಲ ತಂಗಿ ಅಂದ್ರೆ ಈ ಜನ್ಮದಲ್ಲಿ ನಿಮ್ಮ ಗುಂಡಿ ಮುಟ್ಟಲ್ಲ, ತಿಳೀತಾ? ಕೊಡಿ ಇಲ್ಲಿ. ಮತ್ತೆ ಹಿಂದಕ್ಕೆ ಹೊಲ್ಕೊಡ್ತೀನಿ.”

ಕಿತ್ತುಕೊಂಡು ಹೋದಳು. ಮಾರನೆಯ ದಿನ ಅವನು ಅಂಗಡಿಯ ಬಾಗಿಲಿಗೆ ಬಂದ. ಆಣೆ ಇಟ್ಟವನು ಬೇರೆ ವೇಸ್ಟ್‌ಕೋಟು ಹಾಕುವಂತಿಲ್ಲ. ಬರೀ ಅಂಗಿಯ ಮೇಲೆ ಕಂಬಳಿ ಹೊದ್ದಿದ್ದ.

“ಆಯ್ತಾ, ತಂ… ಫ್ಲೂರಿ?”

“ಒಂದು ಗುಂಡಿ ಆಯ್ತು. ನೂಲು ಸರಿಯಿಲ್ಲ.”

ಎರಡನೇ ದಿನ ಎರಡು ಗುಂಡಿ. ಮೂರನೇ ದಿನ ಸೂಜಿ ಕಳೆದಿತ್ತು. ಪೆರಶೋನಮ್ಮ ಎಲ್ಲವನ್ನೂ ನೋಡುತ್ತಿದ್ದಳು. ಸೂಜಿ ಕಳೆದ ದಿನ ಹುಡುಗಿಯ ಕೊರಳಪಟ್ಟಿಯಲ್ಲೇ ಚುಚ್ಚಿಕೊಂಡಿದ್ದ ಸೂಜಿಯ ಕಡೆಗೆ ಕಣ್ಣು ಹಾಯಿಸಿ ಕೆಮ್ಮಿದಳು. ಹನ್ನೊಂದು ಗುಂಡಿ ಹೊಲಿಯಲು ಹದಿನೇಳು ದಿನ ಹಿಡಿಯಿತು. ಇಷ್ಟರಲ್ಲಿ ಹಡಗು ಹೊರಟು ಸಮುದ್ರದ ನಡುವೆ ಇತ್ತು.

ಈ ಕಥೆಯಲ್ಲಿ ಒಂದು ಮಾತು ಗುಡ್ಡದಲ್ಲಿ ಎಲ್ಲರಿಗೂ ಗೊತ್ತಿತ್ತು, ಬಾಯಿಬಿಟ್ಟವನು ಗಾಶೆ ಒಬ್ಬನೇ. “ಅಲ್ಲಯ್ಯಾ, ಮಗ್ಗದ ಕೂದಲೆಳೆಯಂಥ ದಾರಕ್ಕೆ ಸಾವಿರ ಗಂಟು ಹಾಕೋ ಕೈ ನಿನ್ನದು. ಹನ್ನೊಂದು ಗುಂಡಿ ನೀನೇ ಹೊಲ್ಕೊಂಡಿದ್ರೆ ಎಷ್ಟು ಹೊತ್ತು ಹಿಡೀತಿತ್ತು?”

ಅಂತೆಲ್ಮ ಕಂಬಳಿಯೊಳಗಿಂದ ಯೋಚಿಸಿ ಹೇಳಿದ: “ಅರ್ಧ ಗಂಟೆ.”

ಬೇಸಿಗೆಯಲ್ಲಿ ಮದುವೆಯಾಯಿತು. ಮದುಮಗ ಪಾದ್ರಿಯ ಮುಂದೆ ಮೊಣಕಾಲೂರಿದಾಗ ಹಿಂದಿನ ಎರಡು ಗುಂಡಿ ಕಿತ್ತು ಹಾರಿ ಒಂದು ಗಾಶೆಯ ಹೆಂಡತಿಯ ಮಡಿಲಲ್ಲಿ ಬಿತ್ತು. ಅದನ್ನು ಆಕೆ ಶುಭವೆಂದುಕೊಂಡಳು.

ಸರಿಸಮ ಎಂಬುದನ್ನು ಅಂತೆಲ್ಮ ಮನೆಯಲ್ಲೂ ಬಿಡಲಿಲ್ಲ. ವಾರದಲ್ಲಿ ಮೂರು ದಿನ ಅಡುಗೆ ಅವನದೇ ಎಂದು ಹಟ. ಅವನು ಮಾಡಿದ ಸೂಪನ್ನು ಫ್ಲೂರಿ ನಲವತ್ತು ವರ್ಷ ತಿಂದಳು. ಲೋಕೋದ್ಧಾರಕ್ಕೆ ತಾನು ಕೊಟ್ಟ ಪಾಲು ಅದೇ ಎಂದು ಹೇಳುತ್ತಿದ್ದಳು. “ರೀ, ಅಪ್ಪಣೆ ಮಾಡ್ತಿಲ್ಲ, ಸರಿಸಮಳಾಗಿ ಕೇಳ್ತಿದೀನಿ, ಉಪ್ಪು ಯಾವ ದೇಶಕ್ಕೆ ಹೋಗಿತ್ತು ಇವತ್ತು?”

ತೊಂದರೆಯಿದ್ದದ್ದು ಬೇರೆ ಕಡೆ. ಎಲ್ಲರ ಮನೆಯ ಜಗಳ ನಾಲ್ಕು ಗೋಡೆಯೊಳಗೆ ಇರುತ್ತದೆ; ಇವರದ್ದು ಬೀದಿಗೆ ಕಾಣುತ್ತಿತ್ತು. ಫ್ಲೂರಿ ಮುನಿಸಿಕೊಂಡ ದಿನ ಅಂತೆಲ್ಮ ಬೆನ್ನು ತೆರೆದುಕೊಂಡೇ ಕೆಲಸಕ್ಕೆ ಹೋಗುತ್ತಿದ್ದ. ಮುನಿಸು ಎಷ್ಟು ದೊಡ್ಡದು ಎಂದು ಹೆಂಗಸರು ಗುಂಡಿ ಎಣಿಸಿ ಹೇಳುತ್ತಿದ್ದರು.

“ಇವತ್ತು ನಾಲ್ಕೇ ಹಾಕಿದೀಯಲ್ಲೇ ಫ್ಲೂರಿ, ಏನಾಯ್ತು?”

“ಐದನೇದು ಹಾಕೋವಾಗ ನಮ್ಮಮ್ಮನ ಸುದ್ದಿ ತೆಗೆದ್ರು.”

ಮದುವೆಯ ಮರುವರ್ಷ ಏಪ್ರಿಲಿನಲ್ಲಿ ನೇಕಾರರು ದಂಗೆ ಎದ್ದು, ಗುಡ್ಡದಲ್ಲಿ ಗುಂಡು ಹಾರಿ, ಎಷ್ಟೋ ಮನೆಗಳಲ್ಲಿ ಅಳು ಬಿದ್ದ ವಾರ. ಆ ವಾರದ ಬಗ್ಗೆ ನಮ್ಮಲ್ಲಿ ಇವತ್ತಿಗೂ ಯಾರೂ ನಗುವುದಿಲ್ಲ, ಇದೊಂದಕ್ಕೆ ಬಿಟ್ಟು. ಓಣಿಯಲ್ಲಿ ಒಬ್ಬ ಸಿಪಾಯಿ ಅಂತೆಲ್ಮನನ್ನು ಗೋಡೆಗೆ ಮುಖ ಮಾಡಿ ನಿಲ್ಲಿಸಿದ. ಬೆನ್ನ ಕಡೆ ಯಾರಾದರೂ ನಿಂತರೆ ಅಂತೆಲ್ಮನಿಗೆ ಒಂದೇ ಅಭ್ಯಾಸ. “ಕೆಳಗಿನ ಮೂರು ಬಿಟ್ಟೋಗಿದೆ, ತಮ್ಮಾ,” ಎಂದ. ಹಳ್ಳಿಯ ಹುಡುಗ ಸಿಪಾಯಿ. ಸುತ್ತ ನೋಡಿ, ಬಂದೂಕು ಗೋಡೆಗೆ ಒರಗಿಸಿ, ಮೂರೂ ಹಾಕಿ, “ಮನೆಗೆ ಹೋಗಣ್ಣಾ,” ಎಂದು ಬೈದು ಕಳಿಸಿದ. ಅದನ್ನು ಹೇಳಿಕೊಂಡು ಅಂತೆಲ್ಮ ಮೂರು ದಿನ ಅತ್ತ. ಆಮೇಲೆ ನಲವತ್ತೆಂಟನೇ ಇಸವಿಯಲ್ಲಿ ರಾಜ ಓಡಿಹೋಗಿ ಎಲ್ಲರೂ ಎಲ್ಲರನ್ನೂ ಸೋದರ ಎನ್ನತೊಡಗಿದಾಗ ಚೌಕದಲ್ಲಿ ಬೆನ್ನು ತಿರುಗಿಸಿ ನಿಂತವನಿಗೆ ಏಳು ಜನ ಒಟ್ಟಿಗೆ ನುಗ್ಗಿ ಗುಂಡಿ ಹಾಕಲು ಹೋಗಿ ವೇಸ್ಟ್‌ಕೋಟೇ ಹರಿಯಿತು. ಆ ಸೋದರತನ ಅಷ್ಟು ಜೋರಾಗಿ ಬಂದು, ಆ ಬೇಸಿಗೆ ಕಳೆಯುವುದರೊಳಗೆ ಹೋಯಿತು. ಫ್ಲೂರಿ ತೇಪೆ ಹಾಕಿದಳು.

ಗಾಶೆ ಮಾತ್ರ ಮತ್ತೆಂದೂ ಗುಂಡಿ ಮುಟ್ಟಲಿಲ್ಲ. ಗೇಲಿ ಮಾಡುತ್ತಲೇ ಮುದುಕನಾದ, ಹೆಂಡತಿಯನ್ನು ಕಳೆದುಕೊಂಡ, ಮಗ್ಗ ನಿಲ್ಲಿಸಿದ. ಎರಡು ಮಹಡಿ ಕೆಳಗೆ ಕಿಟಕಿಯಲ್ಲಿ ಕೂತು ಅಂತೆಲ್ಮ ಹೋಗುವುದನ್ನು ಕಾದು “ಏನಯ್ಯಾ, ಲೋಕ ಇನ್ನೂ ಉದ್ಧಾರ ಆಗ್ಲಿಲ್ವಾ?” ಎಂದು ಕೂಗುವುದೊಂದೇ ಅವನಿಗೆ ಉಳಿದ ಕೆಲಸ.

ಎಪ್ಪತ್ತೆರಡನೇ ಇಸವಿಯ ಚಳಿಯಲ್ಲಿ ಅಂತೆಲ್ಮ ಎದೆನೋವೆಂದು ಹಾಸಿಗೆ ಹಿಡಿದ. ಒಂದು ವಾರವಾದರೂ ಏಳಲಿಲ್ಲ. ಎಂಟನೇ ಬೆಳಿಗ್ಗೆ ಸೂರ್ಯ ಕಿಟಕಿಗೆ ಬಂದಾಗ ವೇಸ್ಟ್‌ಕೋಟು ಕೇಳಿದ. ತೇಪೆಯ ಮೇಲೆ ತೇಪೆ ಬಿದ್ದು ಅದರಲ್ಲಿ ಹಳೆಯ ಬಟ್ಟೆ ಅಂಗೈಯಗಲ ಉಳಿದಿತ್ತು. ಫ್ಲೂರಿ ಅವನನ್ನು ಎಬ್ಬಿಸಿ ಕೂರಿಸಿ, ತನ್ನ ಭುಜಕ್ಕೆ ಒರಗಿಸಿಕೊಂಡು, ತೋಳು ತೂರಿಸಿದಳು. ಇಸ್ತ್ರಿಪೆಟ್ಟಿಗೆ ಹಿಡಿದು ಹಿಡಿದು ಅವಳ ಬೆರಳ ಗೆಣ್ಣುಗಳು ಬಾತಿದ್ದವು. ಈಗ ನಿಧಾನ ಬೇಕೆಂದು ಮಾಡಿದ್ದಲ್ಲ. ಅವನ ಬೆನ್ನು ಬಾಗಿತ್ತು. ಅವನು ಮಾತಾಡಲಿಲ್ಲ. ಹತ್ತು ಗುಂಡಿಯಾದವು. ಹನ್ನೊಂದನೆಯದನ್ನು ಹಿಡಿದಾಗ ಅವನ ಕೈ ಹಿಂದೆ ಬಂದು ಅವಳ ಬೆರಳನ್ನು ತಡೆಯಿತು.

“ಅದೊಂದು ಬಿಡು, ಫ್ಲೂರಿ.”

“ಯಾಕ್ರೀ?”

“ಕೆಳಗೆ ಹೋಗಿ ಗಾಶೆನ ಕರ್ಕೊಂಡ್ ಬಾ. ನಾಳೆಯಿಂದ ಕಿಟಕೀಲಿ ಒಬ್ನೇ ಕೂತಿರ್ತಾನೆ. ನೀನೂ ಇಲ್ಲಿ ಒಬ್ಳೇ. ಮೆಟ್ಟಿಲು ಹತ್ತಿ ಅಭ್ಯಾಸ ಆಗ್ಲಿ ಅವನಿಗೆ.” ಉಸಿರು ತೆಗೆದುಕೊಂಡು, ಗೋಡೆಗೆ ಮುಖ ಮಾಡಿಕೊಂಡೇ ಅವನು ಹೇಳಿದ: “ಕೊನೇ ಗುಂಡಿ ಅವನು ಹಾಕ್ಲಿ. ಈ ಸಲನಾದ್ರೂ ಸರಿಯಾದ ತೂತಿಗೆ ಹಾಕು ಅಂತ ಹೇಳು.”