ಅವಳ ಬಾಯಲ್ಲಿ ನನ್ನ ಮಾತು

ಆ ಸ್ಪ್ಯಾನಿಷ್ ಟಿವಿ ನಟಿಯ ಋಣ ನನ್ನ ಮೇಲಿದೆ. ನಾನು ಯಾರೆಂದು ಅವಳಿಗೆ ಗೊತ್ತಿಲ್ಲ, ಗೊತ್ತಾಗುವುದೂ ಬೇಡ. ಗೊತ್ತಾದರೆ ಅವಳ ಬಾಯಲ್ಲಿ ಆಡಿಸಿದ ಮಾತಿಗೆಲ್ಲ ನಾನು ಜವಾಬು ಹೇಳಬೇಕಾದೀತು.

ಮಗಳು ಹುಟ್ಟಿದಾಗ ನನ್ನ ತಾಯಿ ಇರಲಿಲ್ಲ. ಬಾಣಂತನಕ್ಕೆ ಅತ್ತೆಯೇ ಧಾರವಾಡದಿಂದ ಮಲೇಷ್ಯಾದ ಪೆಟಾಲಿಂಗ್ ಜಯಾಕ್ಕೆ ಬಂದರು. ನಾನು ಬೆಂಗಳೂರಿನವಳು. ಗಂಡ ಆಫೀಸಿಗೆ ಹೋದ ಮೇಲೆ ನಮ್ಮಿಬ್ಬರಿಗೂ ಆಡಲು ಮಾತೇ ಸಿಗುತ್ತಿರಲಿಲ್ಲ. ಮಧ್ಯಾಹ್ನ ಮೂರಕ್ಕೆ ಟಿವಿಯಲ್ಲಿ ಒಂದು ಸ್ಪ್ಯಾನಿಷ್ ಧಾರಾವಾಹಿ ಬರುತ್ತಿತ್ತು, ಕೆಳಗೆ ಮಲಯ್ ಭಾಷೆಯ ಸಾಲುಗಳು. ಹೊಸದಾಗಿ ಮದುವೆಯಾದ ಹುಡುಗಿಯ ಪಾತ್ರದಲ್ಲಿ ಆ ನಟಿ. ಅವಳ ಮೂಗು ತಮ್ಮ ತಂಗಿಯ ಮೂಗಿನ ಹಾಗೇ ಇದೆ ಎಂದು ಅತ್ತೆಗೆ ಅನಿಸಿದ್ದೇ ಸಾಕಾಯಿತು, ದಿನವೂ ನೋಡಲೇಬೇಕು. ಅವಳು ಬಾಯಿ ತೆರೆದಾಗಲೆಲ್ಲ ನನ್ನತ್ತ ತಿರುಗಿ, "ಏನಂತಾಳ ಆಕಿ?"

ನನಗೆ ಬರುತ್ತಿದ್ದ ಮಲಯ್, ಅಂಗಡಿ ಬೋರ್ಡು ಓದುವಷ್ಟೇ. ಒಂದು ಸಾಲು ಓದಿ ಮುಗಿಸುವಷ್ಟರಲ್ಲಿ ಅದು ಮಾಯ. ಬರುವುದಿಲ್ಲ ಎಂದು ಒಪ್ಪಿಕೊಳ್ಳಲು ಬಿಗುಮಾನ ಬೇರೆ. ಹಾಗಾಗಿ ಕತೆ ಕಟ್ಟತೊಡಗಿದೆ. ಮೊದಮೊದಲು ಸಣ್ಣಪುಟ್ಟ ಸುಳ್ಳು, ಆಮೇಲೆ ನನ್ನ ಹೊಟ್ಟೆಯೊಳಗಿದ್ದದ್ದೆಲ್ಲ ಅವಳ ಬಾಯಿಂದ ಬಂತು. ಬೆಳಿಗ್ಗೆ ಅತ್ತೆ ಸಾರಿಗೆ ಖಾರ ಸಾಲದೆಂದು ಮುಖ ಸಿಂಡರಿಸಿದ್ದರೆ, ಮಧ್ಯಾಹ್ನ ಸ್ಪೇನಿನಲ್ಲಿ ಆ ಹುಡುಗಿ ತನ್ನ ಸಾರಿನ ಪರವಾಗಿ ಜಗಳಕ್ಕೆ ನಿಲ್ಲುತ್ತಿದ್ದಳು.

ಕೂಸಿಗೆ ಆರು ತಿಂಗಳಾದಾಗ ಬಾಂಗ್ಸಾರಿನ ಒಂದು ಕ್ಲಿನಿಕ್ಕಿನ ಲ್ಯಾಬಿನಿಂದ ನನಗೆ ಕೆಲಸದ ಕರೆ ಬಂತು. ಶುಕ್ರವಾರದೊಳಗೆ ಉತ್ತರ ಹೇಳಬೇಕು. ಅತ್ತೆ ಆಗಲೇ ಊರಿಗೆ ಹೊರಡುವ ಮಾತಾಡುತ್ತಿದ್ದರು. ಅವ್ವನ್ನೇ ಕೇಳು ಎಂದು ಗಂಡ ಮೆಲ್ಲಗೆ ಜಾರಿಕೊಂಡರು. ಕೇಳುವ ಧೈರ್ಯ ನನಗೆಲ್ಲಿತ್ತು? ಕೆಲಸವಂತೂ ಬೇಕೇ ಬೇಕಿತ್ತು. ಆ ಮನೆಯೊಳಗೆ ನಾನು ಕಲಿತದ್ದೆಲ್ಲ ತುಕ್ಕು ಹಿಡಿಯುತ್ತಿತ್ತು.

ಗುರುವಾರದ ಕಂತಿನಲ್ಲಿ ಅವಳು ಕಿಟಕಿಯ ಬಳಿ ಕೂತು ಹೊರಗೆ ನೋಡುತ್ತಿದ್ದಳು. ಅತ್ತೆ ಕೇಳುವ ಮೊದಲೇ ನಾನು ಶುರು ಮಾಡಿದೆ. ಅವಳಿಗೆ ಕೆಲಸ ಸಿಕ್ಕಿದೆಯಂತೆ, ಓದಿದ್ದು ದಂಡವಾಗುತ್ತದೆಂದು ಸಂಕಟವಂತೆ, ಮಗುವನ್ನು ಬಿಟ್ಟು ಹೇಗೆ ಹೋಗಲಿ ಅನ್ನುತ್ತಿದ್ದಾಳೆ. ಒಂದೇ ಉಸಿರಿಗೆ ಹೇಳಿ ಮುಗಿಸಿದೆ.

ಅತ್ತೆ ತೊಡೆಯ ಮೇಲಿನ ಕೂಸನ್ನು ತಟ್ಟುತ್ತ ಟಿವಿಯನ್ನೇ ನೋಡಿದರು. "ಯಾಕ, ಆಕಿ ಮನ್ಯಾಗ ಅತ್ತಿ ಇಲ್ಲೇನು?" ಎಂದರು.

ಆಮೇಲೆ ಊರಿಗೆ ಹೊರಡುವ ಮಾತನ್ನೇ ಎತ್ತಲಿಲ್ಲ. ಶುಕ್ರವಾರ ನಾನು ಫೋನ್ ಮಾಡಿ ಒಪ್ಪಿಕೊಂಡೆ.

ಹದಿನೆಂಟು ವರ್ಷವಾಯಿತು, ಅದೇ ಲ್ಯಾಬಿನಲ್ಲಿದ್ದೇನೆ. ಅತ್ತೆ ಬ್ರಿಕ್‌ಫೀಲ್ಡ್ಸಿನ ಅಂಗಡಿಗಳಲ್ಲಿ ತಮಿಳಲ್ಲೇ ಚೌಕಾಸಿ ಮಾಡುವಷ್ಟು ಇಲ್ಲಿಯವರಾಗಿದ್ದಾರೆ. ಆ ನಟಿಯೂ ಸುಮ್ಮನೆ ಕೂರಲಿಲ್ಲ. ಬೇರೆ ಬೇರೆ ಧಾರಾವಾಹಿಗಳಲ್ಲಿ ವಕೀಲೆಯಾದಳು, ಸನ್ಯಾಸಿನಿಯಾದಳು, ಯಾರಿಗೋ ಅತ್ತೆಯಾಗಿ ಕಾಟ ಕೊಟ್ಟಳು, ಈ ವರ್ಷ ಅಜ್ಜಿಯಾಗಿದ್ದಾಳೆ. ಮುಖದ ಗೆರೆಗಳನ್ನು ಮುಚ್ಚಿಕೊಂಡಿಲ್ಲವೆಂದು ಅತ್ತೆಗೆ ಅವಳ ಮೇಲೆ ಇನ್ನಷ್ಟು ಗೌರವ. ಅವಳನ್ನು ನೋಡಿದಾಗಲೆಲ್ಲ ನನಗೆ ಮಾತ್ರ ಒಳಗೊಳಗೇ ಚುಚ್ಚುತ್ತಿತ್ತು. ಅತ್ತೆ ನನಗಾಗಿ ಊರು ಬಿಟ್ಟರು, ನಾನೋ ಅವರನ್ನು ಸುಳ್ಳು ಹೇಳಿ ಉಳಿಸಿಕೊಂಡೆ.

ಹೋದ ತಿಂಗಳು ಮಗಳು ಆ ಹಳೆಯ ಧಾರಾವಾಹಿಯನ್ನು ಇಂಟರ್ನೆಟ್ಟಿನಲ್ಲಿ ಹುಡುಕಿ ಅಜ್ಜಿಗೆ ಹಾಕಿಕೊಟ್ಟಳು. ಇಲ್ಲೇ ಓದಿದವಳು, ಮಲಯ್ ಅವಳಿಗೆ ನೀರು ಕುಡಿದಷ್ಟು ಸಲೀಸು. ನಾನು ಅಡುಗೆಮನೆಗೆ ಹೋಗಲು ನೆಪ ಹುಡುಕುತ್ತಿದ್ದಾಗಲೇ ಕಿಟಕಿಯ ದೃಶ್ಯ ಬಂತು. ನಿಮ್ಮಮ್ಮ ಇಲ್ಲೇ ಕೆಲಸದ ವಿಷಯ ಹೇಳಿದ್ದಳು ಎಂದು ಅತ್ತೆ ಅವಳಿಗೆ ತೋರಿಸಿದರು.

"ವಾಟ್ ಜಾಬ್ ಲಾ, ಅಜ್ಜಿ?" ಎಂದು ಮಗಳು ಇಲ್ಲಿಯ ಧಾಟಿಯ ಇಂಗ್ಲಿಷಿನಲ್ಲಿ ಕೇಳಿ ನಕ್ಕಳು. ಇಡೀ ಕತೆಯಲ್ಲಿ ಕೆಲಸದ ಸುದ್ದಿಯೇ ಇಲ್ಲವಂತೆ. ಆ ಹುಡುಗಿಗೆ ಮಗುವೂ ಇಲ್ಲವಂತೆ.

ತಪ್ಪಾಯಿತು ಅತ್ತೆ ಎಂದೇನೋ ತೊದಲಿದೆ. ಅವರು ನನ್ನತ್ತ ತಿರುಗಲೂ ಇಲ್ಲ.

"ನನಗ ಅವತ್ತೇ ಗೊತ್ತಿತ್ತವಾ," ಎಂದರು. "ನೀ ಅಷ್ಟುದ್ದ ಹೇಳಿದಿ. ಆಕಿ ಬಾಯೇ ತಗದಿದ್ದಿಲ್ಲ."